ನಾಲೆಯ ಇಲಾಖೆಯಲ್ಲಿ ಸರದಿಯ ವ್ಯಾಜ್ಯ

ಕೃಷ್ಣರಾಜಸಾಗರದಿಂದ ಹೊರಟು, ಹುಲಿಕೆರೆಯ ಸುರಂಗವನ್ನು ಹಾಯ್ದು, ಮಂಡ್ಯದ ಬಯಲನ್ನು ತಣಿಸಿ, ಕವಲು ಕವಲಾಗಿ ಮದ್ದೂರು ಮಳವಳ್ಳಿಗಳ ಕಡೆಗೆ ಇಳಿದುಹೋಗುವ ವಿಶ್ವೇಶ್ವರಯ್ಯ ನಾಲೆಯ ಆಶ್ರಯದಲ್ಲಿ ಆ ಸೀಮೆಯ ಭತ್ತ ಕಬ್ಬುಗಳು ಬೆಳೆದಂತೆಯೇ ಸರ್ಕಾರಿ ನೌಕರಿಯ ಒಂದು ದೀರ್ಘ ಶ್ರೇಣಿಯೂ ಬೆಳೆದು ನಿಂತಿದೆ. ತೂಬಿನ ಬಳಿಯ ನೀರುಗಂಟಿ, ಅವನ ಮೇಲೆ ಕಿರಿಯ ಎಂಜಿನಿಯರ್, ಅವರ ಮೇಲೆ ಸಹಾಯಕ ಎಂಜಿನಿಯರ್, ಉಪವಿಭಾಗಕ್ಕೊಬ್ಬ ಸಹಾಯಕ ಕಾರ್ಯಪಾಲಕ ಎಂಜಿನಿಯರ್, ವಿಭಾಗಕ್ಕೊಬ್ಬ ಕಾರ್ಯಪಾಲಕ ಎಂಜಿನಿಯರ್, ಅದರಾಚೆಗೆ ಅಧೀಕ್ಷಕ ಎಂಜಿನಿಯರರು ಮತ್ತು ಮುಖ್ಯ ಎಂಜಿನಿಯರರು. ಕಟ್ಟು ಪದ್ಧತಿಯಲ್ಲಿ ನೀರು ಬಿಡುವ ದಿನಗಳಲ್ಲಿ ನಾಲೆಯ ಕೊನೆಭಾಗದ ರೈತನು ತನ್ನ ಸರದಿಯ ನೀರಿಗಾಗಿ ಹೇಗೆ ಕಾದು ಕುಳಿತಿರುವನೋ, ಹಾಗೆಯೇ ಈ ಶ್ರೇಣಿಯ ಒಂದೊಂದು ಮೆಟ್ಟಿಲಲ್ಲಿಯೂ ನಿಂತ ನೌಕರನು ಬಡ್ತಿಗಾಗಿ ಕಾದಿರುತ್ತಾನೆ. ಆ ಸರದಿಯನ್ನು ನಿರ್ಣಯಿಸುವ ಬಗೆ ಯಾವುದು, ಸೇವೆಗೆ ಸೇರಿದ ದಿನವನ್ನು ಎಣಿಸಬೇಕೋ ಮೇಲಿನ ಹುದ್ದೆಗೆ ಏರಿದ ದಿನವನ್ನು ಎಣಿಸಬೇಕೋ, ಎಂಬ ಪ್ರಶ್ನೆಯು ಕರ್ನಾಟಕದ ಕಚೇರಿಗಳಿಂದ ಹೊರಟು ದೇಶದ ಸರ್ವೋಚ್ಚ ನ್ಯಾಯಾಲಯದ ಬಾಗಿಲನ್ನು ಮತ್ತೆ ಮತ್ತೆ ತಟ್ಟಿದ ಕಥೆಯು ನಮ್ಮ ನಾಡಿನ ಆಡಳಿತದ ಇತಿಹಾಸದಲ್ಲಿ ಅತ್ಯಂತ ಗಂಭೀರವಾದ ಒಂದು ಅಧ್ಯಾಯ.

ಬಡ್ತಿಯ ವ್ಯಾಜ್ಯ ಹುಟ್ಟಬೇಕಾದರೆ ಮೊದಲು ಬಡ್ತಿಯೆಂಬುದೊಂದು ಇರಬೇಕು. ಹಳೆಯ ಮೈಸೂರಿನ ಹಳ್ಳಿಗಳಲ್ಲಿ ಅದು ಇರಲಿಲ್ಲ. ಶಾನುಭೋಗನ ಮಗನು ಶಾನುಭೋಗನೂ ಪಟೇಲನ ಮಗನು ಪಟೇಲನೂ ಆಗುತ್ತಿದ್ದರು. ತೋಟಿ ತಳವಾರರ ಮಕ್ಕಳು ತೋಟಿ ತಳವಾರರಾಗಿಯೇ ಉಳಿಯುತ್ತಿದ್ದರು. ಹುದ್ದೆಯು ವಂಶದ ಸ್ವತ್ತಾಗಿದ್ದ ಆ ವ್ಯವಸ್ಥೆಯಲ್ಲಿ ಅರ್ಹತೆಯ ಪ್ರಶ್ನೆಗೆ ಅವಕಾಶವೇ ಇಲ್ಲ. ಗ್ರಾಮಾಧಿಕಾರಗಳ ರದ್ದಿಯಾತಿಯ 1961ರ ಅಧಿನಿಯಮವು 1963ರಲ್ಲಿ ಜಾರಿಗೆ ಬಂದು ಆ ವಂಶಪಾರಂಪರ್ಯದ ಬೇರನ್ನು ಕಿತ್ತಿತು. ಅದನ್ನು ಪ್ರಶ್ನಿಸಿದವರಿಗೆ ಸರ್ವೋಚ್ಚ ನ್ಯಾಯಾಲಯದಲ್ಲಿಯೂ 1966ರಲ್ಲಿ ಜಯ ದೊರೆಯಲಿಲ್ಲ. ಹಳ್ಳಿಗೆ ಗ್ರಾಮಲೆಕ್ಕಿಗನು ಬಂದನು. ಆತನಿಗೆ ಕಂದಾಯ ನಿರೀಕ್ಷಕನಾಗುವ, ಮುಂದೆ ಶಿರಸ್ತೇದಾರನಾಗುವ ಆಸೆಯೂ ಜೊತೆಗೇ ಬಂದಿತು.

ಆದರೆ ಹೋಬಳಿಗಿಂತ ಮೇಲಿನ ಹಂತಗಳಲ್ಲಿ ಈ ಆಸೆಯೂ ಅದರೊಡನೆ ಅಸಮಾಧಾನವೂ ಬಹಳ ಮೊದಲೇ ತಲೆದೋರಿದ್ದವು. ಮೈಸೂರು ಸಂಸ್ಥಾನದ ಕಚೇರಿಗಳಲ್ಲಿ ವಿದ್ಯೆಯ ಬಲದಿಂದ ಒಂದೇ ಸಮುದಾಯವು ಬಹುಪಾಲು ಸ್ಥಾನಗಳನ್ನು ಪಡೆದಿರುವುದೆಂಬ ದೂರನ್ನು, 1917ರಲ್ಲಿ ಹುಟ್ಟಿದ ಪ್ರಜಾಮಿತ್ರ ಮಂಡಳಿಯು ನಾಲ್ವಡಿ ಕೃಷ್ಣರಾಜ ಒಡೆಯರವರ ಸನ್ನಿಧಾನಕ್ಕೆ ಒಯ್ದಿತು. ಮಹಾರಾಜರು 1918ರಲ್ಲಿ ಮುಖ್ಯ ನ್ಯಾಯಾಧೀಶ ಸರ್ ಲೆಸ್ಲಿ ಮಿಲ್ಲರ್ ಅವರ ಅಧ್ಯಕ್ಷತೆಯಲ್ಲಿ ಒಂದು ಸಮಿತಿಯನ್ನು ನೇಮಿಸಿದರು. ಆಗಿನ ದಿವಾನರಾದ ಸರ್ ಎಂ. ವಿಶ್ವೇಶ್ವರಯ್ಯನವರಿಗೆ ಈ ಮಾರ್ಗವು ಸಮ್ಮತವಾಗಲಿಲ್ಲ. ಶಿಕ್ಷಣವನ್ನು ಹಬ್ಬಿಸಿ ಹಿಂದುಳಿದವರನ್ನು ಮೇಲೆತ್ತಬೇಕೇ ಹೊರತು ನೇಮಕದಲ್ಲಿ ಜಾತಿಯನ್ನು ಎಣಿಸಿದರೆ ಆಡಳಿತದ ದಕ್ಷತೆ ಕುಂದುವುದೆಂದು ಅವರ ಅಭಿಪ್ರಾಯ. ಅದೇ ವರ್ಷದ ಕೊನೆಗೆ ಅವರು ದಿವಾನಗಿರಿಯಿಂದ ದೂರ ಸರಿದರು. ಮಂಡ್ಯದ ಜನ ಮನೆಮನೆಯಲ್ಲಿ ಭಾವಚಿತ್ರವಿಟ್ಟು ಗೌರವಿಸುವ ಆ ಮಹಾಶಯರ ಅಭಿಪ್ರಾಯವನ್ನು ನಾನು ಒಪ್ಪಲಾರೆ; ಆದರೆ ಅವರು ಎತ್ತಿದ ದಕ್ಷತೆಯ ಪ್ರಶ್ನೆಯು ಮುಂದೆ ಸಂವಿಧಾನದ 335ನೆಯ ಅನುಚ್ಛೇದದಲ್ಲಿ ಸ್ಥಾನ ಪಡೆದು, ನೂರು ವರ್ಷಗಳ ತರುವಾಯವೂ, ಅವರ ಹೆಸರನ್ನು ಹೊತ್ತ ನಾಲೆಯನ್ನು ಕಾಯುವ ಎಂಜಿನಿಯರುಗಳ ಮೊಕದ್ದಮೆಯಲ್ಲಿಯೇ ಉತ್ತರವನ್ನು ಬೇಡಿ ನಿಂತಿತೆಂಬುದನ್ನು ಮರೆಯುವಂತಿಲ್ಲ.

ಮಿಲ್ಲರ್ ಸಮಿತಿಯು ಕೆಲಸ ಮಾಡಿದ ಕ್ರಮವು ವಿಶೇಷವಾಗಿ ಗಮನಾರ್ಹವಾದುದು. ಅದು ಮೊದಲು ಸಂಸ್ಥಾನದ ಕಚೇರಿಗಳಲ್ಲಿ ಯಾವ ಯಾವ ಸಮುದಾಯದವರು ಎಷ್ಟೆಷ್ಟು ಮಂದಿ ಇರುವರೆಂಬುದನ್ನು ಲೆಕ್ಕಹಾಕಿ, ಆ ಬಳಿಕ 1919ರಲ್ಲಿ ತನ್ನ ವರದಿಯನ್ನು ಒಪ್ಪಿಸಿತು. ಏಳು ವರ್ಷಗಳನ್ನು ಮೀರದ ಅವಧಿಯೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧಕ್ಕೆ ಕಡಿಮೆಯಾಗದಷ್ಟು, ಕೆಳಗಿನ ಹುದ್ದೆಗಳಲ್ಲಿ ಮೂರರಲ್ಲಿ ಎರಡು ಪಾಲು, ಬ್ರಾಹ್ಮಣೇತರ ಸಮುದಾಯಗಳಿಗೆ ಸಲ್ಲಬೇಕು, ಅರ್ಹರಾದ ದಲಿತ ವರ್ಗದವರು ದೊರೆತರೆ ಅವರಿಗೆ ಆದ್ಯತೆ ಇರಬೇಕು, ಮತ್ತು ಈ ಪ್ರಮಾಣವನ್ನು ಸೇವೆಯ ಒಂದೊಂದು ದರ್ಜೆಯಲ್ಲಿಯೂ ಪ್ರತ್ಯೇಕವಾಗಿ ನೋಡಬೇಕು, ಎಂದು ಅದು ಶಿಫಾರಸು ಮಾಡಿತು. ಸರ್ಕಾರದ ಆಜ್ಞೆಯಾದುದು 1921ರಲ್ಲಿ. ಮೊದಲು ಎಣಿಕೆ, ಆಮೇಲೆ ವರದಿ, ಆಮೇಲೆ ಆಜ್ಞೆ. ಅದರ ಫಲವು ಭೂಮಿಯೂ ಅಷ್ಟಿಷ್ಟು ವಿದ್ಯೆಯೂ ಇದ್ದ ಸಮುದಾಯಗಳಿಗೆ ಮೊದಲು ದಕ್ಕಿ, ಊರ ಹೊರಗಿನ ಕೇರಿಗಳಿಗೆ ಬಹುಕಾಲ ತಲುಪದೇ ಹೋದುದು ನಿಜ. ನಾಲೆಯ ನೀರು ಬಂದು ಗದ್ದೆಯ ಬೆಲೆ ಏರಿದಾಗಲೂ ಗದ್ದೆಯಿಲ್ಲದವನಿಗೆ ಅದರಿಂದ ಕೂಲಿಯ ಹೊರತು ಹೆಚ್ಚೇನೂ ಬರಲಿಲ್ಲ. ಅಂತಹ ಮನೆಯ ಹುಡುಗನಿಗೆ ಸರ್ಕಾರಿ ನೌಕರಿಯು ಬರಿಯ ಜೀವನೋಪಾಯವಲ್ಲ, ಊರಿನ ನಡುಬೀದಿಯಲ್ಲಿ ತಲೆಯೆತ್ತಿ ನಡೆಯುವ ಅಧಿಕಾರ. ಮೀಸಲಾತಿಯ ವ್ಯಾಜ್ಯವನ್ನು ಕುರಿತು ಬರೆಯುವವನು ಇದನ್ನು ಮನಸ್ಸಿನಲ್ಲಿರಿಸಿಕೊಳ್ಳದೆ ಒಂದು ಸಾಲನ್ನೂ ಬರೆಯಕೂಡದು.

1939ರಲ್ಲಿ ಮೈಸೂರು ಜಿಲ್ಲೆಯಿಂದ ಬೇರ್ಪಟ್ಟು ಮಂಡ್ಯವು ಸ್ವತಂತ್ರ ಜಿಲ್ಲೆಯಾಯಿತು. 1956ರ ನವೆಂಬರ್ 1ರಂದು ರಾಜ್ಯವೇ ವಿಶಾಲವಾಯಿತು. ಮುಂಬಯಿ, ಹೈದರಾಬಾದು, ಮದರಾಸು, ಕೊಡಗುಗಳಿಂದ ಬಂದ ನೌಕರರೂ ಹಳೆಯ ಮೈಸೂರಿನ ನೌಕರರೂ ಒಂದೇ ಪಟ್ಟಿಯಲ್ಲಿ ಕೂಡಬೇಕಾದಾಗ, ಅಲ್ಲಿಯವರೆಗೆ ತಮ್ಮ ತಮ್ಮ ಪ್ರಾಂತದಲ್ಲಿ ಮೊದಲಿಗರಾಗಿದ್ದವರು ಹೊಸ ಪಟ್ಟಿಯಲ್ಲಿ ನೂರರ ಆಚೆಗೆ ತಳ್ಳಲ್ಪಟ್ಟರು. ನೇಮಕಾತಿಗೂ ಜ್ಯೇಷ್ಠತೆಗೂ ಎರಡು ಪ್ರತ್ಯೇಕ ನಿಯಮಾವಳಿಗಳು 1957ರಲ್ಲಿ ರಚಿತವಾದವು. ಆ ಕಾಲದ ಮೊಕದ್ದಮೆಗಳಲ್ಲಿ ಎರಡನ್ನು ಇಲ್ಲಿ ನೆನೆಯಬೇಕು. ಮುಂಬಯಿ ಪ್ರಾಂತದಿಂದ ಬಂದ ನೈರ್ಮಲ್ಯ ನಿರೀಕ್ಷಕರ ಜ್ಯೇಷ್ಠತೆಯನ್ನು ಜಿಲ್ಲಾವಾರು ಎಣಿಕೆಯಿಂದ ರಾಜ್ಯವಾರು ಎಣಿಕೆಗೆ ಬದಲಿಸಿದಾಗ, ತಮಗೆ ಬಡ್ತಿಯ ಸಂಭವ ಕುಗ್ಗಿತೆಂದು ಅವರು ನ್ಯಾಯಾಲಯಕ್ಕೆ ಹೋದರು. ಬಡ್ತಿಯ ಸಂಭವವು ಸೇವೆಯ ಷರತ್ತಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 1967ರಲ್ಲಿ, ಪುರೋಹಿತ್ ಪ್ರಕರಣವೆಂದು ಹೆಸರಾದ ತೀರ್ಪಿನಲ್ಲಿ, ಹೇಳಿತು. ಮರುವರ್ಷವೇ ಸಂಖ್ಯಾಶಾಸ್ತ್ರ ಇಲಾಖೆಯ ನೌಕರರ ಸೈಯದ್ ಮಹಮೂದ್ ಪ್ರಕರಣದಲ್ಲಿ ಅದರ ಮತ್ತೊಂದು ಮುಖವು ಪ್ರಕಟವಾಯಿತು. ಜ್ಯೇಷ್ಠತೆ ಮತ್ತು ಅರ್ಹತೆಯ ಆಧಾರದ ಮೇಲೆ ಬಡ್ತಿ ಎಂದು ನಿಯಮವಿರುವಾಗ, ಹಿರಿಯನು ಹುದ್ದೆಗೆ ತಕ್ಕವನೋ ಅಲ್ಲವೋ ಎಂಬುದನ್ನು ನೋಡದೆಯೇ ಕಿರಿಯನನ್ನು ಮೇಲೇರಿಸುವುದು ತಪ್ಪು. ಆದರೆ ಹಿರಿಯನಿಗೆ ಬಡ್ತಿಯನ್ನೇ ಕೊಡೆಂದು ನ್ಯಾಯಾಲಯವು ಆಜ್ಞಾಪಿಸಲಾರದು, ಅವನ ಹೆಸರನ್ನು ಪರಿಶೀಲಿಸೆಂದು ಮಾತ್ರ ಆಜ್ಞಾಪಿಸಬಲ್ಲದು. ಬಡ್ತಿಯು ಹಕ್ಕಲ್ಲ, ಬಡ್ತಿಗಾಗಿ ಪರಿಗಣಿಸಲ್ಪಡುವುದು ಹಕ್ಕು. ಮದ್ದೂರಿನ ತಾಲ್ಲೂಕು ಕಚೇರಿಯ ದ್ವಿತೀಯ ದರ್ಜೆ ಸಹಾಯಕನಿಂದ ಹಿಡಿದು ಮಂಡ್ಯದ ಕಾರ್ಯಪಾಲಕ ಎಂಜಿನಿಯರರವರೆಗೆ, ಇಲಾಖಾ ಪರೀಕ್ಷೆಯನ್ನು ಮುಗಿಸಿ, ಕಾರ್ಯನಿರ್ವಹಣಾ ವರದಿಯಲ್ಲಿ ಪ್ರತಿಕೂಲ ಷರಾ ಇಲ್ಲದಂತೆ ನೋಡಿಕೊಂಡು ಕಾದಿರುವ ಪ್ರತಿಯೊಬ್ಬ ನೌಕರನ ಕೈಯಲ್ಲಿರುವುದು ಇಷ್ಟೇ.

ಇನ್ನು ನಮ್ಮ ಕಥೆಯ ಗರ್ಭಕ್ಕೆ ಬರೋಣ. 1978ರ ಏಪ್ರಿಲ್ 27ರ ಆದೇಶದಿಂದ ಕರ್ನಾಟಕ ಸರ್ಕಾರವು ಬಡ್ತಿಯಲ್ಲಿಯೂ ಪರಿಶಿಷ್ಟ ಜಾತಿಗೆ ನೂರಕ್ಕೆ 15, ಪರಿಶಿಷ್ಟ ಪಂಗಡಕ್ಕೆ ನೂರಕ್ಕೆ 3ರ ಮೀಸಲಾತಿಯನ್ನು ತಂದು, 33 ಬಿಂದುಗಳ ಒಂದು ರೋಸ್ಟರನ್ನು ಗೊತ್ತುಮಾಡಿತು. ಇದು ಹೇಗೆ ಕೆಲಸ ಮಾಡುತ್ತಿತ್ತೆಂಬುದನ್ನು ಒಂದು ಕಲ್ಪಿತ ಉದಾಹರಣೆಯಿಂದ ತಿಳಿಯಬಹುದು. ನಾಲೆಯ ಒಂದು ಉಪವಿಭಾಗದಲ್ಲಿ ಇಬ್ಬರು ಸಹಾಯಕ ಎಂಜಿನಿಯರರು ಇರುವರೆನ್ನೋಣ. ಜ್ಯೇಷ್ಠತಾ ಪಟ್ಟಿಯನ್ನು ತೆರೆದರೆ ಕ್ರಮಸಂಖ್ಯೆ, ಹೆಸರು, ಜನ್ಮದಿನಾಂಕ, ಸೇವೆಗೆ ಸೇರಿದ ದಿನಾಂಕ, ಈಗಿನ ವೃಂದಕ್ಕೆ ಬಂದ ದಿನಾಂಕ, ವರ್ಗ, ಕೊನೆಗೆ ಷರಾ, ಎಂಬ ಅಂಕಣಗಳು. ಸಾಮಾನ್ಯ ವರ್ಗದವರೊಬ್ಬರ ಹೆಸರು 10ನೆಯದು, ಪರಿಶಿಷ್ಟ ಜಾತಿಯವರೊಬ್ಬರ ಹೆಸರು 40ನೆಯದು. ಮೇಲಿನ ವೃಂದದಲ್ಲಿ ಖಾಲಿಯಾದ ಹುದ್ದೆಯು ರೋಸ್ಟರಿನ ಮೀಸಲು ಬಿಂದುವಿಗೆ ಬಿದ್ದಾಗ 40ನೆಯವರು ಮೊದಲು ಮೇಲೇರುತ್ತಾರೆ. ನಾಲ್ಕು ವರ್ಷಗಳ ಬಳಿಕ 10ನೆಯವರೂ ಅದೇ ವೃಂದವನ್ನು ಮುಟ್ಟುತ್ತಾರೆ. ಇಲ್ಲಿಯವರೆಗೆ ವಿವಾದವಿಲ್ಲ. ಆದರೆ ಈಗ ಕಾರ್ಯಪಾಲಕ ಎಂಜಿನಿಯರರ ಹುದ್ದೆಯೊಂದು ಖಾಲಿಯಾಯಿತು, ಅದು ಮೀಸಲು ಬಿಂದುವೂ ಅಲ್ಲ. ಇಬ್ಬರಲ್ಲಿ ಹಿರಿಯರಾರು? ಮೇಲಿನ ವೃಂದಕ್ಕೆ ಮೊದಲು ಬಂದವರೆಂದು ರಾಜ್ಯದ ನಿಯಮ. ಕೆಳಗಿನ ವೃಂದದ ಹಿರಿತನವು ಅಲ್ಲಿ ಮತ್ತೆ ಕೂಡುತ್ತಲೇ ಜೀವ ತಳೆಯಬೇಕೆಂದು ಸಾಮಾನ್ಯ ವರ್ಗದವರ ವಾದ. ಕಚೇರಿಗಳಲ್ಲಿ ಕ್ಯಾಚ್-ಅಪ್ ನಿಯಮವೆಂದು ಹೆಸರಾದುದು ಇದೇ. ತಾನು ನಾಲ್ಕು ವರ್ಷ ಆ ಕುರ್ಚಿಯಲ್ಲಿ ಕುಳಿತು ಆ ಕೆಲಸವನ್ನೇ ಮಾಡಿದ್ದೇನೆ, ಆ ವರ್ಷಗಳಿಗೆ ಬೆಲೆಯಿಲ್ಲವೇ ಎಂಬುದು ಒಬ್ಬರ ಮಾತು. ತನಗಿಂತ ತೀರ ಕಿರಿಯರೊಬ್ಬರ ಕೈಕೆಳಗೆ ನಿವೃತ್ತಿಯವರೆಗೂ ದುಡಿಯಬೇಕೇ ಎಂಬುದು ಇನ್ನೊಬ್ಬರ ಮಾತು. ಎರಡರಲ್ಲಿಯೂ ಸತ್ಯವಿದೆ, ಆದುದರಿಂದಲೇ ಈ ವ್ಯಾಜ್ಯವು ಇಷ್ಟು ದೀರ್ಘವಾಯಿತು.

ದೆಹಲಿಯಲ್ಲಿ ತಕ್ಕಡಿಯು ಎರಡು ಕಡೆಗೂ ತೂಗಾಡಿತು. ಮೀಸಲಾತಿಯು ಬಡ್ತಿಗೂ ಅನ್ವಯಿಸುತ್ತದೆಂದು ರಂಗಾಚಾರಿ ಪ್ರಕರಣದಲ್ಲಿ 1961ರಲ್ಲಿ ಮೂವರು ನ್ಯಾಯಮೂರ್ತಿಗಳ ಬಹುಮತದಿಂದ ಹೇಳಿದ್ದ ನ್ಯಾಯಾಲಯವೇ, 1992ರ ನವೆಂಬರ್ 16ರಂದು ಇಂದ್ರಾ ಸಾಹ್ನಿ ಪ್ರಕರಣದಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠದ ಮೂಲಕ, ಮೀಸಲಾತಿಯು ಮೊದಲ ನೇಮಕಕ್ಕೆ ಮಾತ್ರ ಎಂದು ತೀರ್ಮಾನಿಸಿತು. ಸಂಸತ್ತು 1995ರ ಜೂನ್ 17ರಿಂದ ಜಾರಿಗೆ ಬಂದ 77ನೆಯ ತಿದ್ದುಪಡಿಯಿಂದ ಬಡ್ತಿಯ ಮೀಸಲಾತಿಯನ್ನು ಉಳಿಸಿಕೊಂಡಿತು. ಆ ವರ್ಷವೇ ವೀರಪಾಲ್ ಸಿಂಗ್ ಪ್ರಕರಣ, ಮರುವರ್ಷ ಮತ್ತು 1999ರಲ್ಲಿ ಅಜಿತ್ ಸಿಂಗ್ ಪ್ರಕರಣಗಳು, ಕ್ಯಾಚ್-ಅಪ್ ನಿಯಮವನ್ನು ಸ್ಥಾಪಿಸಿದವು. ಕರ್ನಾಟಕದ್ದೇ ಆದ ಬಡಪ್ಪನವರ ಪ್ರಕರಣದಲ್ಲಿ 2000ದ ಡಿಸೆಂಬರ್ 1ರಂದು ನ್ಯಾಯಾಲಯವು ಈ ರಾಜ್ಯದ ಪಟ್ಟಿಗಳನ್ನೂ ಅದರಂತೆ ತಿದ್ದಬೇಕೆಂದಿತು. ಅದಕ್ಕೆ ಪ್ರತಿಯಾಗಿ 85ನೆಯ ತಿದ್ದುಪಡಿಯು ಬಂದು, ಮೀಸಲಾತಿಯಿಂದ ಬಡ್ತಿ ಪಡೆದವರಿಗೆ ಅದರ ತತ್ಪರಿಣಾಮವಾದ ಜ್ಯೇಷ್ಠತೆಯೂ ಸಲ್ಲುವುದೆಂದು, 1995ರಿಂದ ಪೂರ್ವಾನ್ವಯವಾಗುವಂತೆ, ವಿಧಿಸಿತು. ಅದನ್ನು ಆಧಾರವಾಗಿಟ್ಟುಕೊಂಡು ಕರ್ನಾಟಕದ ವಿಧಾನಮಂಡಲವು 2002ರಲ್ಲಿ ತನ್ನದೇ ಅಧಿನಿಯಮವನ್ನು ರಚಿಸಿತು.

ಇಲ್ಲಿಯೇ ನನ್ನ ಆಕ್ಷೇಪವಿರುವುದು. ಅಧಿನಿಯಮವನ್ನು ತಂದುದಕ್ಕೆ ಅಲ್ಲ. ಅದನ್ನು ಎಣಿಕೆಯಿಲ್ಲದೆ ತಂದುದಕ್ಕೆ. ಯಾವ ವೃಂದದಲ್ಲಿ ಪರಿಶಿಷ್ಟರು ಎಷ್ಟು ಮಂದಿ ಇದ್ದಾರೆ, ಎಷ್ಟು ಕೊರತೆಯಿದೆ, ಎಂಬ ಅಂಕಿ ಅಂಶಗಳನ್ನು ಕಲೆಹಾಕಿ ಮುಂದಿಡುವ ಕೆಲಸವನ್ನು ಸರ್ಕಾರವು ಮಾಡಲಿಲ್ಲ. 2006ರ ಅಕ್ಟೋಬರ್ 19ರಂದು ಎಂ. ನಾಗರಾಜ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳ ಪೀಠವು ಸಂವಿಧಾನದ ತಿದ್ದುಪಡಿಗಳನ್ನು ಎತ್ತಿಹಿಡಿಯುತ್ತಲೇ, ಅವುಗಳನ್ನು ಬಳಸಬಯಸುವ ರಾಜ್ಯವು ಹಿಂದುಳಿದಿರುವಿಕೆ, ಪ್ರಾತಿನಿಧ್ಯದ ಕೊರತೆ, ಆಡಳಿತದ ದಕ್ಷತೆ, ಈ ಮೂರನ್ನೂ ಪ್ರಮಾಣೀಕರಿಸಿ ತೋರಿಸಬೇಕೆಂದು ಸ್ಪಷ್ಟವಾಗಿ ನುಡಿಯಿತು. ಎಚ್ಚರಿಕೆಯ ಗಂಟೆ ಬಾರಿಸಿದ ಮೇಲೆಯೂ ಹತ್ತು ವರ್ಷಗಳು ಉರುಳಿದವು. ಆ ಅವಧಿಯಲ್ಲಿ ಸಾವಿರಾರು ಬಡ್ತಿಗಳು ಅದೇ ಅಧಿನಿಯಮದ ಬಲದಿಂದ ನಡೆದವು; ತಮ್ಮ ಜ್ಯೇಷ್ಠತೆಯು ಭದ್ರವೆಂದು ನಂಬಿ ನೌಕರರು ಮಕ್ಕಳ ಓದಿಗೂ ಮನೆಗೂ ಸಾಲ ಮಾಡಿದರು.

2017ರ ಫೆಬ್ರುವರಿ 9ರಂದು ಬಿ.ಕೆ. ಪವಿತ್ರ ಪ್ರಕರಣದ ತೀರ್ಪು ಬಂದಿತು. ಮೇಲ್ಮನವಿ ಹೂಡಿದ್ದವರು ಲೋಕೋಪಯೋಗಿ ಇಲಾಖೆಯ ಎಂಜಿನಿಯರುಗಳು. ನೀರಾವರಿಯ ನಾಲೆಗಳಿಗೂ ಎಂಜಿನಿಯರರು ಬರುತ್ತಿದ್ದುದು ಆ ಇಲಾಖೆಯ ವೃಂದದಿಂದಲೇ. ರಾಜ್ಯದ ಉಚ್ಚ ನ್ಯಾಯಾಲಯದಲ್ಲಿ ಊರ್ಜಿತವೆನಿಸಿದ್ದ 2002ರ ಅಧಿನಿಯಮದ 3 ಮತ್ತು 4ನೆಯ ಕಲಮುಗಳನ್ನು ನ್ಯಾಯಮೂರ್ತಿಗಳಾದ ಆದರ್ಶ ಕುಮಾರ್ ಗೋಯಲ್ ಮತ್ತು ಉದಯ್ ಉಮೇಶ್ ಲಲಿತ್ ಅವರ ಪೀಠವು ಅಸಿಂಧುಗೊಳಿಸಿತು. ಮೂರು ತಿಂಗಳೊಳಗೆ ಪಟ್ಟಿಯನ್ನು ಪರಿಷ್ಕರಿಸಬೇಕು, ನಿವೃತ್ತರಾದವರಿಗೆ ಬಾಧಕವಿಲ್ಲ, ಸೇವೆಯಲ್ಲಿರುವವರು ಆ ಜ್ಯೇಷ್ಠತೆಯಿಂದ ಪಡೆದ ಬಡ್ತಿಗಳು ತಾತ್ಕಾಲಿಕವೆನಿಸಿ ಪುನರ್ವಿಮರ್ಶೆಗೆ ಒಳಪಡತಕ್ಕವು. ಮೀಸಲಾತಿಯು ತಪ್ಪೆಂದು ನ್ಯಾಯಾಲಯವು ಹೇಳಲಿಲ್ಲ. ಅಂಕಿ ಅಂಶಗಳಿಲ್ಲವೆಂದು ಹೇಳಿತು. ಆದರೆ ಕಚೇರಿಗಳಲ್ಲಿ ಈ ಸೂಕ್ಷ್ಮವನ್ನು ಯಾರು ಕೇಳುವರು? ಒಂದು ಪಕ್ಷದವರು ತಮಗೆ ಕೊನೆಗೂ ನ್ಯಾಯ ದೊರೆಯಿತೆಂದುಕೊಂಡರು. ಇನ್ನೊಂದು ಪಕ್ಷದವರು ತಮ್ಮ ಜೀವಮಾನದ ಸೇವೆಯನ್ನು ಒಂದೇ ಗೀಟಿನಿಂದ ಹೊಡೆದುಹಾಕಿದರೆಂದುಕೊಂಡರು.

ಪಟ್ಟಿಗಳು ತಿರುಗಿ ಬರೆಯಲ್ಪಟ್ಟು, ಹಿಂಬಡ್ತಿಯ ಆದೇಶಗಳು ಹೊರಬಿದ್ದ ದಿನಗಳನ್ನು ಕಂಡವರು ಮರೆಯಲಾರರು. ಬಡ್ತಿಯ ಆದೇಶವನ್ನು ಸೇವಾಪುಸ್ತಕದಲ್ಲಿ ನಮೂದಿಸಿದ ಪುಟದ ಮುಂದಿನ ಪುಟದಲ್ಲಿಯೇ ಹಿಂಬಡ್ತಿಯ ನಮೂದು. ನೆನ್ನೆ ತಾನು ಸಹಿ ಹಾಕುತ್ತಿದ್ದ ಟಿಪ್ಪಣಿಯನ್ನು ಇಂದು ತಾನೇ ಮಂಡಿಸಬೇಕಾದ ಸಂಕಟ. ಚಹ ತಂದಿಡುವವನಿಗೂ ಯಾರ ಮೇಜಿಗೆ ಮೊದಲು ಇಡಬೇಕೆಂಬ ಸಂಕೋಚ. ಒಂದು ಅಪರಾಧವೂ ಇಲ್ಲದೆ, ಇಲಾಖಾ ವಿಚಾರಣೆಯೂ ಇಲ್ಲದೆ, ಶಿಕ್ಷೆಗೊಳಗಾದವನು ಮಾತ್ರ ಅನುಭವಿಸತಕ್ಕ ಅವಮಾನವನ್ನು ಪ್ರಾಮಾಣಿಕ ನೌಕರರು ಅನುಭವಿಸಿದರು. ಮತ್ತೊಂದು ಕಡೆ, ಹದಿನೈದು ವರ್ಷಗಳ ಹಿಂದೆಯೇ ದೊರೆಯಬೇಕಾಗಿತ್ತೆಂದು ತಾವು ನಂಬಿದ್ದ ಬಡ್ತಿಯು ನಿವೃತ್ತಿಯ ಅಂಚಿನಲ್ಲಿ ಕೈಗೆ ಬಂದವರೂ ಇದ್ದರು. ಅವರ ದುಃಖವೂ ಹಗುರವಾದುದಲ್ಲ. ಪಟ್ಟಿಯು ಅಂತಿಮಗೊಳ್ಳದಿರುವಾಗ, ಅಥವಾ ಆಡಳಿತ ನ್ಯಾಯಮಂಡಳಿಯ ತಡೆಯಾಜ್ಞೆ ಇರುವಾಗ, ಹುದ್ದೆಗೆ ಪೂರ್ಣಾಧಿಕಾರಿಯಿಲ್ಲದೆ ಪ್ರಭಾರದಿಂದ ಕೆಲಸ ಸಾಗುತ್ತದೆ. ಎರಡು ಉಪವಿಭಾಗಗಳನ್ನು ಒಬ್ಬನೇ ನೋಡಿಕೊಳ್ಳುವ ಪ್ರಭಾರಿಯ ಬಳಿಗೆ ನಾಲೆಯ ಹೂಳಿನ ದೂರನ್ನು ಹೊತ್ತು ಬರುವ ರೈತನಿಗೆ ಕ್ಯಾಚ್-ಅಪ್ ನಿಯಮದ ಅರಿವಿಲ್ಲದಿದ್ದರೂ ಅದರ ಫಲವು ತಟ್ಟುತ್ತದೆ.

ಸರ್ಕಾರವು ಆಗ ಎಚ್ಚೆತ್ತಿತು. ತೀರ್ಪು ಬಂದ ಆರು ವಾರಗಳೊಳಗೆ, 2017ರ ಮಾರ್ಚ್ 22ರಂದು, ಹಿರಿಯ ಅಧಿಕಾರಿ ಕೆ. ರತ್ನಪ್ರಭಾ ಅವರಿಗೆ ಅಧ್ಯಯನದ ಹೊಣೆಯನ್ನು ವಹಿಸಲಾಯಿತು. ಮೇ 5ರಂದು ವರದಿ ಸಿದ್ಧವಾಯಿತು. ಹದಿನೈದು ವರ್ಷ ಆಗದಿದ್ದ ಎಣಿಕೆಯು ಒಂದೂವರೆ ತಿಂಗಳಲ್ಲಿ ಆಯಿತು! ಇದನ್ನು ಬರೆಯುವಾಗ ನನ್ನಲ್ಲಿ ಉಂಟಾಗುವ ಖೇದವನ್ನು ಮರೆಮಾಚಲಾರೆ. ಈ ಒಂದೂವರೆ ತಿಂಗಳ ಶ್ರಮವನ್ನು 2002ರಲ್ಲಿಯೇ, ಬೇಡ, 2006ರ ತೀರ್ಪಿನ ಮರುದಿನದಿಂದಲಾದರೂ ಕೈಗೊಂಡಿದ್ದರೆ, ಹಿಂಬಡ್ತಿಯ ಆದೇಶಗಳಿಗೆ ಅವಕಾಶವೇ ಇರುತ್ತಿರಲಿಲ್ಲವೆಂದು ನಾನು ನಂಬುತ್ತೇನೆ. ಸಹೋದ್ಯೋಗಿಗಳ ನಡುವೆ ಕವಿದ ಕಹಿಗೆ ಮೀಸಲಾತಿಯನ್ನು ಹೊಣೆ ಮಾಡುವವರು ಈ ಎರಡು ದಿನಾಂಕಗಳನ್ನು ಒಮ್ಮೆ ನೋಡಬೇಕು.

ವರದಿಯನ್ನು ಆಧರಿಸಿದ ಹೊಸ ವಿಧೇಯಕವನ್ನು ವಿಧಾನಮಂಡಲದ ಎರಡೂ ಸದನಗಳು 2017ರ ನವೆಂಬರಿನಲ್ಲಿ ಅಂಗೀಕರಿಸಿದವು; ರಾಜ್ಯಪಾಲರು ಅದನ್ನು ರಾಷ್ಟ್ರಪತಿಗಳ ಪರಿಶೀಲನೆಗೆ ಕಾದಿರಿಸಿದ ಮೇಲೆ, 2018ರ ಜೂನ್ 14ರಂದು ಅಂಕಿತ ದೊರೆಯಿತು. ಅದೂ ನ್ಯಾಯಾಲಯವನ್ನು ಮುಟ್ಟಿತು. 2019ರ ಮೇ 10ರಂದು, ನ್ಯಾಯಮೂರ್ತಿ ಲಲಿತ್ ಅವರೊಡನೆ ಕುಳಿತಿದ್ದ ನ್ಯಾಯಮೂರ್ತಿ ಧನಂಜಯ ಚಂದ್ರಚೂಡ್ ಅವರು ಬರೆದ ತೀರ್ಪು ಹೊಸ ಅಧಿನಿಯಮವನ್ನು ಎತ್ತಿಹಿಡಿಯಿತು. ಶಾಸನಸಭೆಯು ಹಿಂದಿನ ತೀರ್ಪನ್ನು ತಳ್ಳಿಹಾಕಿಲ್ಲ, ಆ ತೀರ್ಪು ತೋರಿಸಿದ ಕೊರತೆಯನ್ನು ತುಂಬಿದೆ, ಎಂಬುದು ಅದರ ಸಾರ. ವಿಶ್ವೇಶ್ವರಯ್ಯನವರ ಕಾಲದಿಂದ ಕಾಡಿದ ದಕ್ಷತೆಯ ಪ್ರಶ್ನೆಗೂ ಅಲ್ಲಿ ಉತ್ತರವುಂಟು: ಸಮಾಜದ ಎಲ್ಲ ವರ್ಗಗಳನ್ನೂ ಒಳಗೊಂಡಿರುವಿಕೆಯನ್ನು ಬಿಟ್ಟು ಆಡಳಿತದ ದಕ್ಷತೆಯನ್ನು ಅಳೆಯಲಾಗದು, ಪರೀಕ್ಷೆಯ ಅಂಕವೊಂದೇ ಯೋಗ್ಯತೆಯ ಮಾನದಂಡವಲ್ಲ. ಕೊನೆಭಾಗದ ಕೇರಿಯ ಜನರ ಕಷ್ಟವನ್ನು ಮನೆಯಲ್ಲಿಯೇ ಕಂಡು ಬೆಳೆದ ಎಂಜಿನಿಯರೊಬ್ಬನು ನಾಲೆಯ ಮೇಲೆ ಇರುವುದು ನಾಲೆಗೇ ಲಾಭವೆಂದು ನಾನೂ ನಂಬುತ್ತೇನೆ. ಹಿಂಬಡ್ತಿ ಹೊಂದಿದವರಿಗೆ ಹಿಂದಿನ ಸ್ಥಾನಗಳು ಮರಳಿದವು. ಪಟ್ಟಿಗಳು ಇನ್ನೊಮ್ಮೆ ಬದಲಾದವು.

ಆದರೆ ಪ್ರಶ್ನೆಯು ಅಲ್ಲಿಗೂ ನಿಲ್ಲಲಿಲ್ಲ. 2022ರ ಜನವರಿ 28ರಂದು ಜರ್ನೈಲ್ ಸಿಂಗ್ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠವು, ಪ್ರಾತಿನಿಧ್ಯದ ಎಣಿಕೆಯನ್ನು ಇಡೀ ಸೇವೆಗಾಗಲಿ, ಎ, ಬಿ, ಸಿ, ಡಿ ಎಂಬ ಗುಂಪುಗಳಿಗಾಗಲಿ ಒಟ್ಟಾಗಿ ಮಾಡಕೂಡದು, ವೃಂದ ವೃಂದಕ್ಕೂ ಪ್ರತ್ಯೇಕವಾಗಿ ಮಾಡಬೇಕು ಎಂದು ಹೇಳಿ, ಗುಂಪುವಾರು ಅಂಕಿಗಳನ್ನು ಒಪ್ಪಿಕೊಂಡ ಮಟ್ಟಿಗೆ 2019ರ ತೀರ್ಪು ಸರಿಯಲ್ಲವೆಂದಿತು. ಅಂದರೆ ಸಹಾಯಕ ಎಂಜಿನಿಯರರ ಲೆಕ್ಕ ಬೇರೆ, ಸಹಾಯಕ ಕಾರ್ಯಪಾಲಕರ ಲೆಕ್ಕ ಬೇರೆ, ಕಾರ್ಯಪಾಲಕರ ಲೆಕ್ಕ ಬೇರೆ. ತಾಲ್ಲೂಕು ಕಚೇರಿಯಲ್ಲಿ ಪ್ರಥಮ ದರ್ಜೆ ಸಹಾಯಕರದೂ ಶಿರಸ್ತೇದಾರರದೂ ಬೇರೆ ಬೇರೆ. ಆ ಎಣಿಕೆಯನ್ನು ಕಾಲಕಾಲಕ್ಕೆ ಪರಿಶೀಲಿಸುವ ಹೊಣೆಯೂ ಸರ್ಕಾರದ್ದೇ ಆಗಿದೆ. ಆಯಾ ಇಲಾಖೆಯ ಸಿಬ್ಬಂದಿ ಶಾಖೆಗಳಲ್ಲಿ ಸೇವಾಪುಸ್ತಕಗಳು ಇದ್ದೇ ಇವೆ, ಅಂಕಣಗಳೂ ಗೆರೆಯೆಳೆದು ಸಿದ್ಧವಾಗಿವೆ. ಇನ್ನೊಂದು ಮೊಕದ್ದಮೆಯು ಬಂದು ಬಾಗಿಲನ್ನು ತಟ್ಟುವ ಮೊದಲೇ ಅವುಗಳನ್ನು ತುಂಬಿ ಪ್ರಕಟಿಸಬೇಕು.